ಅಜ್ಜನ ಗಹಾಣ, ನಮ್ಮ ಇಎಂಐ: ಮನೆಸಾಲದ ಲೆಕ್ಕದ ಹಿಂದಿನ ಇತಿಹಾಸ

2023ರ ಜುಲೈ ಕೊನೆಯ ವಾರ. ಪಂಚಾಯಿತಿ ಸಭೆಯ ಸುದ್ದಿ ಕಳಿಸಿ ಮನೆಗೆ ಬಂದಾಗ ಅವ್ವ ಹಪ್ಪಳ ಒಣಗಿಸುತ್ತ ಕೂತಿದ್ದಳು. ನನ್ನ ಕೈಯಲ್ಲಿ ಮನೆಸಾಲದ ಸ್ಟೇಟ್‌ಮೆಂಟ್ ಇತ್ತು. ತೆರಿಗೆ ಲೆಕ್ಕಕ್ಕೆ ಬೇಕೆಂದು ಹೆಂಡತಿ ತರಿಸಿದ್ದಳು.

"ಎಷ್ಟ ತೀರ್ತಪಾ ಸಾಲಾ?" ಎಂದು ಕೇಳಿದಳು ಅವ್ವ.

ಉತ್ತರ ಸುಲಭ ಎಂದುಕೊಂಡಿದ್ದೆ. 2021ರ ಜುಲೈನಲ್ಲಿ 15 ಲಕ್ಷ ಸಾಲ ತೆಗೆದಿದ್ದೆವು. ಸಾಲ ಸಿಕ್ಕಿದ್ದು ಹೆಂಡತಿಯ ಶಿಕ್ಷಕಿ ಸಂಬಳದ ಮೇಲೆ. ಸುದ್ದಿಗೆ ಇಷ್ಟು ಎಂದು ದುಡ್ಡು ಎಣಿಸಿಕೊಳ್ಳುವ ಸ್ಟ್ರಿಂಗರ್‌ಗೆ ಯಾರೂ 20 ವರ್ಷದ ಸಾಲ ಕೊಡುವುದಿಲ್ಲ. ಬಡ್ಡಿ ಶೇ 7, ತಿಂಗಳಿಗೆ 11,630 ರೂಪಾಯಿ ಕಂತು, ಒಟ್ಟು 240 ಕಂತು. ಆಮೇಲೆ ಬಡ್ಡಿ ಏರಿ ಕಂತು 12,500 ಆಗಿದ್ದು ಮೊಬೈಲ್ ಮೆಸೇಜಿನಿಂದ ಗೊತ್ತಿತ್ತು. ಎರಡು ವರ್ಷದಲ್ಲಿ ಸುಮಾರು 2 ಲಕ್ಷ 80 ಸಾವಿರ ಕಟ್ಟಿದ್ದೆವು.

ಸ್ಟೇಟ್‌ಮೆಂಟಿನಲ್ಲಿ ಬಾಕಿ ಅಸಲು 14 ಲಕ್ಷ 36 ಸಾವಿರ ಎಂದಿತ್ತು. ಕಟ್ಟಿದ 2 ಲಕ್ಷ 80 ಸಾವಿರದಲ್ಲಿ ಅಸಲಿಗೆ ಹೋದದ್ದು 64 ಸಾವಿರ. ಅದರ ಕೆಳಗಿನ ಸಾಲು ನೋಡಿ ನಿಂತಲ್ಲೇ ನಿಂತೆ. ಬಾಕಿ ಕಂತುಗಳು: 304.

240ರಲ್ಲಿ 24 ಕಟ್ಟಿದರೆ 216 ಉಳಿಯಬೇಕು. ಉಳಿದದ್ದು 304. ಎರಡು ವರ್ಷ ತಪ್ಪದೇ ಕಂತು ಕಟ್ಟಿದ ಮೇಲೆ ನಮ್ಮ ಸಾಲ ಏಳು ವರ್ಷ ನಾಲ್ಕು ತಿಂಗಳು ಉದ್ದವಾಗಿತ್ತು. 2041ಕ್ಕೆ ಮುಗಿಯಬೇಕಾದದ್ದು 2048ಕ್ಕೆ ಹೋಗಿತ್ತು. ಈ ಬಗ್ಗೆ ನಮಗೆ ಯಾರೂ ಒಂದು ಮಾತು ಹೇಳಿರಲಿಲ್ಲ.

ಅವ್ವನಿಗೆ ಬಿಡಿಸಿ ಹೇಳಿದೆ. ಅವಳು ಹಪ್ಪಳ ಮಗುಚಿ ಹಾಕುತ್ತ ಅಂದಳು: "ಹಂಗಾದ್ರ ನಿಮ್ಮಜ್ಜಗ ಆದಂಗ ಆತಲ್ಲೋ. ಬಾಡಿಗಿ ಕಟ್ಟೇ ಕಟ್ಟಿದಾ, ಮನಿ ಮಾತ್ರ ಬಿಡಿಸ್ಕೊಳ್ಳಾಕ ಆಗಲಿಲ್ಲ."

ಅಜ್ಜನ ಕಥೆ ನನಗೆ ಅರ್ಧಂಬರ್ಧ ಗೊತ್ತಿತ್ತು. ಅವತ್ತು ಟ್ರಂಕಿನ ತಳದಿಂದ ಕಾಗದ ತೆಗೆದು ಓದಿದೆ. ಆಮೇಲೆ ಕೆಲವು ತಿಂಗಳು ಮನೆಸಾಲ ಎಂಬುದು ನಮ್ಮ ಕಡೆ ಎಲ್ಲಿಂದ ಬಂತು, ಹೇಗೆ ಬದಲಾಯಿತು ಎಂದು ಹುಡುಕುತ್ತ ಹೋದೆ. ಸಿಕ್ಕಿದ್ದನ್ನು ಇಲ್ಲಿ ಬರೆದಿದ್ದೇನೆ.

ನಮ್ಮ ಮನೆಯಲ್ಲೇ ಬಾಡಿಗೆದಾರರು

ಕಾಗದ 1958ರದು. ಆಗ ನಮ್ಮ ಗದಗ ಇನ್ನೂ ಧಾರವಾಡ ಜಿಲ್ಲೆಯಲ್ಲಿತ್ತು. ಅಪ್ಪನ ಅಕ್ಕನ ಮದುವೆಗೆಂದು ಅಜ್ಜ ಸಾವುಕಾರರೊಬ್ಬರಿಂದ 600 ರೂಪಾಯಿ ತಂದು ಮನೆಯನ್ನು ಗಹಾಣ ಇಟ್ಟಿದ್ದ. ಹಳೆ ಮೈಸೂರು ಕಡೆ ಆಧಾರ, ಅಡಮಾನ ಎನ್ನುವುದನ್ನು ನಮ್ಮ ಕಡೆ ಗಹಾಣ ಎನ್ನುತ್ತಾರೆ. ಕರಾರಿನ ಪ್ರಕಾರ ಮನೆಯ ಸ್ವಾಧೀನ ಸಾವುಕಾರರದು. ಮನೆಯಿಂದ ಬರುವ ಉತ್ಪನ್ನವೇ ಬಡ್ಡಿ. ಅಸಲು ಕೊಟ್ಟ ದಿನ ಮನೆ ವಾಪಸು.

ಆದರೆ ಎಂಟು ಜನರ ಸಂಸಾರ ಎಲ್ಲಿಗೆ ಹೋಗಬೇಕು? ಅದಕ್ಕೆ ಇನ್ನೊಂದು ಕಾಗದವಾಯಿತು. ಅದೇ ಮನೆಯನ್ನು ಸಾವುಕಾರರು ಅಜ್ಜನಿಗೇ ತಿಂಗಳಿಗೆ 9 ರೂಪಾಯಿ ಬಾಡಿಗೆಗೆ ಕೊಟ್ಟರು. ನಮ್ಮವರು ಕಟ್ಟಿದ ಮನೆಯಲ್ಲಿ ನಮ್ಮವರೇ ಬಾಡಿಗೆಗೆ ಕೂತರು.

600 ರೂಪಾಯಿಗೆ ತಿಂಗಳಿಗೆ 9 ರೂಪಾಯಿ ಅಂದರೆ ನೂರಕ್ಕೆ ಒಂದೂವರೆ ರೂಪಾಯಿ ಬಡ್ಡಿ, ವರ್ಷಕ್ಕೆ ಶೇ 18. ಮನೆ ಬಿಡಿಸಿಕೊಂಡದ್ದು 1971ರಲ್ಲಿ, ಒಂದು ಜೋಡಿ ಎತ್ತು ಮಾರಿ. 13 ವರ್ಷಕ್ಕೆ ಬಾಡಿಗೆ 1,404 ರೂಪಾಯಿ, ಅದರ ಮೇಲೆ ಅಸಲು 600. ಒಟ್ಟು 2,004. ತಂದದ್ದರ ಮೂರು ಪಟ್ಟಿಗೂ ಹೆಚ್ಚು.

ಈ ಪದ್ಧತಿ ಅಜ್ಜನ ಕಾಲಕ್ಕೆ ಹುಟ್ಟಿದ್ದಲ್ಲ. ಒತ್ತೆ ಇಟ್ಟ ಸ್ವತ್ತಿನ ಫಲವನ್ನು ಸಾಲ ಕೊಟ್ಟವನು ಅನುಭವಿಸುವುದಕ್ಕೆ ಭೋಗ್ಯ ಎನ್ನುವ ಹೆಸರು ಧರ್ಮಶಾಸ್ತ್ರಗಳಲ್ಲೇ ಇದೆ. ಇವತ್ತಿಗೂ ಬೆಂಗಳೂರು, ಮೈಸೂರಿನ ಗಲ್ಲಿಗಳಲ್ಲಿ 'ಮನೆ ಭೋಗ್ಯಕ್ಕಿದೆ' ಎಂಬ ಬೋರ್ಡು ಕಾಣುತ್ತದೆ. ದೊಡ್ಡ ಮೊತ್ತ ಒಮ್ಮೆಗೇ ಕೊಟ್ಟು ಎರಡು ಮೂರು ವರ್ಷ ಬಾಡಿಗೆ ಇಲ್ಲದೆ ಇರುವುದು, ಹೋಗುವಾಗ ಅಷ್ಟೂ ದುಡ್ಡು ವಾಪಸು ಪಡೆಯುವುದು. ಬಾಡಿಗೆಗೂ ಬಡ್ಡಿಗೂ ಸರಿ ಎನ್ನುವ ಹಳೆಯ ಲೆಕ್ಕ ಅದು.

ಇಂಗ್ಲಿಷಿನ ಮಾರ್ಟ್‌ಗೇಜ್ ಎಂಬ ಪದದ ಮೂಲಾರ್ಥ 'ಸತ್ತ ಒತ್ತೆ'. 12ನೇ ಶತಮಾನದ ಇಂಗ್ಲೆಂಡಿನಲ್ಲಿ, ಒತ್ತೆ ಇಟ್ಟ ಜಮೀನಿನ ಫಲ ಸಾಲಗಾರನ ಅಸಲಿಗೆ ಜಮೆಯಾಗದಿದ್ದರೆ ಅದನ್ನು ಸತ್ತ ಒತ್ತೆ ಎನ್ನುತ್ತಿದ್ದರು. ಅಜ್ಜನ 9 ರೂಪಾಯಿ ಅಂಥದ್ದೇ. 13 ವರ್ಷ ಕಟ್ಟಿದರೂ ಅಸಲಿನಿಂದ ಒಂದು ಪೈಸೆ ಕಡಿಮೆಯಾಗಲಿಲ್ಲ.

ಕಲ್ಯಾಣದಲ್ಲಿ ಬರೆದ ಬಡ್ಡಿಯ ನಿಯಮ

ಬಡ್ಡಿಗೆ ಒಂದು ಮಿತಿ ಇರಬೇಕು ಎಂಬ ಮಾತೂ ಅಷ್ಟೇ ಹಳೆಯದು. ಆ ಮಾತಿಗೆ ನಮ್ಮ ನೆಲದ ನಂಟಿದೆ.

ಕಲ್ಯಾಣ ಚಾಲುಕ್ಯರ ಆರನೇ ವಿಕ್ರಮಾದಿತ್ಯ ಆಳಿದ್ದು 1076ರಿಂದ 1126ರವರೆಗೆ. ಅವನ ಕಾಲದಲ್ಲಿ, ಈಗಿನ ಬಸವಕಲ್ಯಾಣದಲ್ಲಿ ವಿಜ್ಞಾನೇಶ್ವರ ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರ ಎಂಬ ವ್ಯಾಖ್ಯಾನ ಬರೆದ. ಹಿಂದೂ ಆಸ್ತಿ ಪಾಲಿನ ವಿಚಾರಕ್ಕೆ ಬ್ರಿಟಿಷರ ಕೋರ್ಟುಗಳೂ ಆಧಾರವಾಗಿ ಹಿಡಿದದ್ದು ಇದೇ ಗ್ರಂಥವನ್ನು. ಅದರಲ್ಲಿ ಸಾಲದ್ದೇ ಒಂದು ಪ್ರಕರಣವಿದೆ.

ಅಲ್ಲಿನ ಮೂರು ನಿಯಮಗಳನ್ನು ಇವತ್ತಿನ ಸಾಲಗಾರರೂ ತಿಳಿದಿರಬೇಕು. ಒಂದು, ಒತ್ತೆ ಇಟ್ಟು ತೆಗೆದ ಸಾಲಕ್ಕೆ ತಿಂಗಳಿಗೆ ಅಸಲಿನ 80ನೇ ಒಂದು ಭಾಗ ಬಡ್ಡಿ. ಅಂದರೆ ನೂರಕ್ಕೆ ಒಂದೂಕಾಲು ರೂಪಾಯಿ, ವರ್ಷಕ್ಕೆ ಶೇ 15. ಒತ್ತೆ ಇಲ್ಲದ ಸಾಲಕ್ಕೆ ಅದಕ್ಕಿಂತ ಹೆಚ್ಚು, ಅದೂ ಜಾತಿ ನೋಡಿ. ಕೆಳಗಿನ ವರ್ಣದವರಿಗೆ ಹೆಚ್ಚು ಬಡ್ಡಿ ಎಂದು ಸ್ಮೃತಿ ಮುಚ್ಚುಮರೆಯಿಲ್ಲದೆ ಹೇಳುತ್ತದೆ. ಎರಡು, ಫಲ ಅನುಭವಿಸಲು ಕೊಟ್ಟ ಒತ್ತೆ, ಅಂದರೆ ಭೋಗ್ಯದ ಸ್ವತ್ತು, ಎಷ್ಟು ಕಾಲ ಕಳೆದರೂ ಮಾಲೀಕನ ಕೈತಪ್ಪಿ ಹೋಗುವುದಿಲ್ಲ. ಮೂರು, ದುಡ್ಡಿನ ಸಾಲಕ್ಕೆ ಬಡ್ಡಿ ಬೆಳೆದು ಅಸಲಿನಷ್ಟಾದ ಮೇಲೆ ಮುಂದೆ ಬೆಳೆಯುವಂತಿಲ್ಲ. ಸಾಲ ದುಪ್ಪಟ್ಟಿಗೆ ನಿಲ್ಲಬೇಕು.

ಮೂರನೆಯದಕ್ಕೆ ದಾಮದುಪ್ಪಟ ಎಂಬ ಹೆಸರು ಬಂತು. ಮುಂಬೈ ಪ್ರಾಂತ್ಯದ ಕೋರ್ಟುಗಳು ಬ್ರಿಟಿಷರ ಕಾಲದಲ್ಲೂ ಇದನ್ನು ಪಾಲಿಸಿದವು. ಎರಡನೆಯದಕ್ಕೆ ಇನ್ನೂ ಜೀವವಿದೆ. 1882ರ ಸ್ವತ್ತು ವರ್ಗಾವಣೆ ಕಾಯ್ದೆ ಭೋಗ್ಯವನ್ನು ಅಡಮಾನದ ಒಂದು ಬಗೆಯಾಗಿ ಒಪ್ಪಿಕೊಂಡಿತು. ಬರೀ 30 ವರ್ಷ ಕಳೆಯಿತು ಎಂಬ ಕಾರಣಕ್ಕೆ ಭೋಗ್ಯಕ್ಕಿಟ್ಟವನು ಸ್ವತ್ತಿನ ಹಕ್ಕು ಕಳೆದುಕೊಳ್ಳುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2014ರಲ್ಲಿ ಹೇಳಿತು.

ಹಾಗಿದ್ದರೆ 600 ರೂಪಾಯಿಗೆ 1,404 ರೂಪಾಯಿ ಬಾಡಿಗೆ ಕಟ್ಟಿದ ಅಜ್ಜನಿಗೆ ದಾಮದುಪ್ಪಟ ಏಕೆ ನೆರವಾಗಲಿಲ್ಲ? ಆ ನಿಯಮದೊಳಗೇ ಒಂದು ಕಿಂಡಿ ಇತ್ತು. ಮಿತಿ ಇದ್ದದ್ದು ಒಮ್ಮೆಗೇ ವಸೂಲಿ ಮಾಡುವ, ಬಾಕಿ ಬಿದ್ದು ಗುಡ್ಡೆಯಾದ ಬಡ್ಡಿಗೆ. ತಿಂಗಳು ತಿಂಗಳು ಕಟ್ಟಿ ಮುಗಿಸಿದ ಬಡ್ಡಿ ಆ ಲೆಕ್ಕಕ್ಕೆ ಬರುವುದಿಲ್ಲ. ಕಟ್ಟದೇ ಕೂತವನಿಗೆ ಮಿತಿ ಇತ್ತು, ನಿಯತ್ತಾಗಿ ಕಟ್ಟಿದವನಿಗೆ ಇರಲಿಲ್ಲ. ಅಜ್ಜನ 9 ರೂಪಾಯಿ ಈ ಕಿಂಡಿಯಲ್ಲೇ ಹೋಯಿತು. ಇವತ್ತಿನ ಇಎಂಐ ಕೂಡ ಹಾಗೆಯೇ. ಬಡ್ಡಿ ಪ್ರತಿ ತಿಂಗಳೂ ವಸೂಲಾಗುವುದರಿಂದ ಎಲ್ಲೂ ಗುಡ್ಡೆಯಾಗಿ ಕಾಣುವುದಿಲ್ಲ. 20 ವರ್ಷದ್ದನ್ನು ಒಟ್ಟು ಕೂಡಿಸಿ ನೋಡಿದಾಗ ಮಾತ್ರ ಕಾಣುತ್ತದೆ.

ಲೆಕ್ಕ ತೋರಿಸಿ ಎಂದ ರೈತರು

1861ರಿಂದ 1865ರವರೆಗೆ ಅಮೆರಿಕದಲ್ಲಿ ಅಂತರ್ಯುದ್ಧ ನಡೆದು ಅಲ್ಲಿನ ಹತ್ತಿ ಇಂಗ್ಲೆಂಡಿಗೆ ಹೋಗುವುದು ನಿಂತಿತು. ದಖ್ಖನ್ನಿನ ಹತ್ತಿಗೆ ಒಮ್ಮೆಲೇ ಬೆಲೆ ಬಂತು. ಧಾರವಾಡ, ಗದಗದ ಕರಿಮಣ್ಣಿನಲ್ಲೂ ಹತ್ತಿಯದೇ ಭರಾಟೆ. ದುಡ್ಡು ಓಡಾಡುತ್ತಿದ್ದಾಗ ಸಾಲವೂ ಸಲೀಸಾಗಿ ಸಿಕ್ಕಿತು. ಯುದ್ಧ ಮುಗಿದು ಬೆಲೆ ಬಿದ್ದಾಗ ಸಾಲ ಮಾತ್ರ ಹಾಗೇ ಉಳಿಯಿತು.

1875ರ ಮೇ 12ರಂದು ಪುಣೆ ಜಿಲ್ಲೆಯ ಸುಪಾ ಎಂಬ ಊರಿನಲ್ಲಿ ರೈತರು ಸಾವುಕಾರರ ಮನೆಗಳಿಗೆ ನುಗ್ಗಿದರು. ಪುಣೆ, ಅಹ್ಮದ್‌ನಗರ ಜಿಲ್ಲೆಗಳ ಹಲವು ಊರುಗಳಿಗೆ ಗಲಭೆ ಹಬ್ಬಿತು. ಗಲಭೆ ಮಾಡಿದವರ ಗುರಿ ಇದ್ದದ್ದು ಪ್ರಾಣದ ಮೇಲಲ್ಲ, ಕಾಗದದ ಮೇಲೆ. ಸಾಲಪತ್ರ, ಲೆಕ್ಕದ ವಹಿಗಳನ್ನು ಕಸಿದು ಸುಟ್ಟರು. ಓದಲು ಬಾರದ ರೈತನಿಗೆ ತಾನು ತಂದದ್ದೆಷ್ಟು, ಕಟ್ಟಿದ್ದೆಷ್ಟು, ಹಳೆಯ ಪತ್ರ ಹರಿದು ಹೊಸ ಪತ್ರ ಬರೆಸಿದಾಗ ಬಡ್ಡಿ ಅಸಲಿಗೆ ಸೇರಿದ್ದೆಷ್ಟು ಎಂದು ತಿಳಿಯುವ ದಾರಿಯೇ ಇರಲಿಲ್ಲ.

ಸರ್ಕಾರ ಆಯೋಗ ನೇಮಿಸಿತು. 1879ರಲ್ಲಿ ದಖ್ಖನ್ ಕೃಷಿಕರ ಪರಿಹಾರ ಕಾಯ್ದೆ ಬಂತು. ಸಾಲಪತ್ರದಲ್ಲಿ ಏನೇ ಬರೆದಿರಲಿ, ನ್ಯಾಯಾಧೀಶರು ಅದರ ಹಿಂದಿನ ವ್ಯವಹಾರವನ್ನು ಮೊದಲಿನಿಂದ ಕೆದಕಿ ನೋಡಬಹುದು ಎಂದು ಅದು ಹೇಳಿತು. ಅದರಲ್ಲಿ ಇನ್ನೊಂದು ಭಾಗವಿತ್ತು. ಕಟ್ಟಿದ ಪ್ರತಿ ಮೊತ್ತಕ್ಕೂ ರಸೀದಿ, ವರ್ಷಕ್ಕೊಮ್ಮೆ ಲೆಕ್ಕದ ಪಟ್ಟಿ, ಕೇಳಿದರೆ ಪಾಸ್‌ಬುಕ್ಕು: ಇವು ಸಾಲಗಾರ ರೈತನ ಹಕ್ಕು.

ಕಾಯ್ದೆ ಬಂದರೂ ಬೇರೆ ಸಾಲ ಕೊಡುವವರು ಇರಲಿಲ್ಲ. ಆ ಕೊರತೆ ತುಂಬಲು 1904ರಲ್ಲಿ ಸಹಕಾರಿ ಪತ್ತಿನ ಸಂಘಗಳ ಕಾಯ್ದೆ ಬಂತು. ಮರುವರ್ಷ, 1905ರಲ್ಲಿ, ನಮ್ಮ ಗದಗದ ಪಕ್ಕದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕೃಷಿ ಪತ್ತಿನ ಸಹಕಾರ ಸಂಘ ಕಟ್ಟಿದರು. ದೇಶದ ಸಹಕಾರ ಚಳವಳಿಯ ಮೊದಲ ಹೆಜ್ಜೆಗಳಲ್ಲಿ ಅದೊಂದು. ಬೆಂಗಳೂರಿನಲ್ಲಿ 1898ರ ಪ್ಲೇಗಿನ ನಂತರ ಮಲ್ಲೇಶ್ವರ, ಬಸವನಗುಡಿ ಬಡಾವಣೆಗಳು ಎದ್ದಿದ್ದವು. ಅಲ್ಲಿ ಮನೆ ಕಟ್ಟುವವರಿಗಾಗಿ 1909ರಲ್ಲಿ ಬೆಂಗಳೂರು ಬಿಲ್ಡಿಂಗ್ ಕೋ-ಆಪರೇಟಿವ್ ಸೊಸೈಟಿ ಶುರುವಾಯಿತು. ಸದಸ್ಯರ ದುಡ್ಡು, ಸದಸ್ಯರಿಗೇ ಸಾಲ, ವರ್ಷಕ್ಕೊಮ್ಮೆ ಸಭೆಯಲ್ಲಿ ಎಲ್ಲರೆದುರು ಲೆಕ್ಕ.

ದುಃಖದ ಸಂಗತಿ ಎಂದರೆ, ಕಣಗಿನಹಾಳದಿಂದ ಬಹಳ ದೂರವೇನೂ ಇಲ್ಲದ ನಮ್ಮೂರಿನಲ್ಲಿ 1958ರಲ್ಲೂ ಅಜ್ಜ ಸಾವುಕಾರರ ಬಳಿಗೇ ಹೋಗಬೇಕಾಯಿತು. ಸಹಕಾರ ಸಂಘ ಬೀಜಕ್ಕೆ, ಗೊಬ್ಬರಕ್ಕೆ ಸಾಲ ಕೊಡುತ್ತಿತ್ತು. ಮಗಳ ಮದುವೆಗೆ ಕೊಡುತ್ತಿರಲಿಲ್ಲ.

ಕಂತು ಬಂದ ಕಾಲ

ಸಂಬಳದವರ ಕಥೆಯೂ ಆಗ ಬಹಳ ಬೇರೆಯಿರಲಿಲ್ಲ. ಮೇಷ್ಟರು, ಗುಮಾಸ್ತರು ನಿವೃತ್ತರಾಗಿ ಪಿಎಫ್, ಗ್ರಾಚ್ಯುಟಿ ಕೈಗೆ ಬಂದ ಮೇಲೆ ಮನೆ ಕಟ್ಟುತ್ತಿದ್ದರು. ದುಡಿಯುವ ವಯಸ್ಸಿನಲ್ಲೇ ಸಾಲ ಮಾಡಿ ಮನೆ ಕಟ್ಟು, ಸಂಬಳದಿಂದ ತೀರಿಸು ಎಂಬ ವ್ಯಾಪಾರ ದೊಡ್ಡದಾಗಿ ಶುರುವಾದದ್ದು 1977ರಲ್ಲಿ. ಐಸಿಐಸಿಐ ಅಧ್ಯಕ್ಷರಾಗಿದ್ದ ಎಚ್.ಟಿ. ಪಾರೇಖ್ ನಿವೃತ್ತಿಯ ನಂತರ ಎಚ್‌ಡಿಎಫ್‌ಸಿ ಸ್ಥಾಪಿಸಿದರು. 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕ್ ಬಂತು. 2000ದ ಈಚೆಗೆ ಸರ್ಕಾರಿ ಬ್ಯಾಂಕುಗಳೂ ಮನೆಸಾಲಕ್ಕೆ ಪೈಪೋಟಿಗೆ ಇಳಿದವು.

ಇದರಿಂದ ಆದ ಒಳ್ಳೆಯದನ್ನು ಮರೆಯಬಾರದು. ನನ್ನ ಹೆಂಡತಿ 29ನೇ ವಯಸ್ಸಿಗೆ ಸ್ವಂತ ಮನೆಯ ಹೊಸ್ತಿಲು ದಾಟಿದಳು. ನನ್ನ ಅಜ್ಜ ಎತ್ತು ಮಾರಿ ಬಿಡಿಸಿಕೊಂಡ ಮನೆಯಲ್ಲಿ ಶೌಚಾಲಯ ಇರಲಿಲ್ಲ. ಇಎಂಐಯಲ್ಲಿ ಪ್ರತಿ ತಿಂಗಳೂ ಅಸಲು ಸ್ವಲ್ಪ ಕರಗುತ್ತದೆ. ಆ ಮಟ್ಟಿಗೆ ಇದು ಸತ್ತ ಒತ್ತೆ ಅಲ್ಲ.

ಆದರೆ ಎಷ್ಟು ಕರಗುತ್ತದೆ? ನಮ್ಮ ಮೊದಲ ಕಂತು 11,630ರಲ್ಲಿ ಬಡ್ಡಿಗೆ 8,750, ಅಸಲಿಗೆ 2,880. ಇಎಂಐ ಲೆಕ್ಕವೇ ಹಾಗೆ. ಉಳಿದ ಅಸಲಿನ ಮೇಲೆ ಆ ತಿಂಗಳ ಬಡ್ಡಿ ಮೊದಲು ಹಿಡಿದು, ಮಿಕ್ಕಿದ್ದು ಅಸಲಿಗೆ. ಹೀಗಾಗಿ ಮೊದಲ ವರ್ಷಗಳಲ್ಲಿ ಕಟ್ಟುವುದೆಲ್ಲ ಬಹುಪಾಲು ಬಡ್ಡಿಯೇ. ಹಿಂದೆ ಕೆಲವು ಸಂಸ್ಥೆಗಳು ವರ್ಷದ ಕೊನೆಗೆ ಮಾತ್ರ ಅಸಲು ಇಳಿಸುತ್ತಿದ್ದವು. ಜನವರಿಯಲ್ಲಿ ಕಟ್ಟಿದ ದುಡ್ಡಿಗೂ ಡಿಸೆಂಬರ್ ತನಕ ಬಡ್ಡಿ ಬೀಳುತ್ತಿತ್ತು. ಅಂಥ ಸಾಲದಲ್ಲಿ ಹೇಳುವ ದರ ಒಂದು, ಕಟ್ಟುವ ದರ ಇನ್ನೊಂದು.

ಸಾಲದ ಒಳಗೇ ಸೇರಿಕೊಂಡ ಸಣ್ಣ ಸಾಲಗಳೂ ಇರುತ್ತವೆ. ನಮ್ಮ 15 ಲಕ್ಷದಲ್ಲಿ 45 ಸಾವಿರ ವಿಮೆಯ ಪ್ರೀಮಿಯಂ. "ಕೈಯಿಂದ ಕೊಡೋದ್ ಬ್ಯಾಡ್ರಿ, ಸಾಲದಾಗ ಸೇರಸ್ತೀವಿ" ಎಂದಾಗ ಉಪಕಾರವೆನಿಸಿತ್ತು. 20 ವರ್ಷ ಶೇ 7ರಲ್ಲಿ ಆ 45 ಸಾವಿರಕ್ಕೆ ನಾವು ಕಟ್ಟುವುದು ಸುಮಾರು 83,700 ರೂಪಾಯಿ. ಇದಲ್ಲದೆ ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯದ ಶುಲ್ಕ, ಮೌಲ್ಯಮಾಪಕರ ಶುಲ್ಕ, ಪತ್ರ ಠೇವಣಿಯ ಮುದ್ರಾಂಕ. ಕೈಯಿಂದ ಹೋದ ಇವು ಯಾವ ಬಡ್ಡಿದರದ ಜಾಹೀರಾತಿನಲ್ಲೂ ಇರುವುದಿಲ್ಲ.

ಏರುವ ದರ, ಹಿಗ್ಗುವ ಅವಧಿ

ಅಜ್ಜನ ಕರಾರಿನಲ್ಲಿ ಬಾಡಿಗೆ 13 ವರ್ಷವೂ 9 ರೂಪಾಯಿಯೇ ಇತ್ತು. ನಮ್ಮದು ಬದಲಾಗುವ ದರದ ಸಾಲ.

ಈ ದರ ಹೇಗೆ ನಿಗದಿಯಾಗಬೇಕು ಎಂಬ ನಿಯಮವನ್ನು ರಿಸರ್ವ್ ಬ್ಯಾಂಕ್ ಹತ್ತು ವರ್ಷದೊಳಗೆ ಮೂರು ಸಲ ಬದಲಿಸಿದೆ. 2010ರ ಜುಲೈನಿಂದ ಬೇಸ್ ರೇಟ್, 2016ರ ಏಪ್ರಿಲ್‌ನಿಂದ ಎಂಸಿಎಲ್ಆರ್, 2019ರ ಅಕ್ಟೋಬರ್‌ನಿಂದ ರೆಪೊದಂಥ ಹೊರಗಿನ ಮಾನದಂಡ. ಪ್ರತಿ ಸಲವೂ ಕಾರಣ ಒಂದೇ. ದರ ಏರಿದಾಗ ಬ್ಯಾಂಕುಗಳು ಬೇಗ ಏರಿಸುತ್ತವೆ, ಇಳಿದಾಗ ಹಳೆಯ ಗ್ರಾಹಕರಿಗೆ ಇಳಿಸುವುದಿಲ್ಲ ಎಂಬ ದೂರು.

2020ರ ಮೇ ತಿಂಗಳಲ್ಲಿ ಕೋವಿಡ್ ಕಾರಣಕ್ಕೆ ರೆಪೊ ದರ ಶೇ 4ಕ್ಕೆ ಇಳಿದಿತ್ತು. ನಾವು ಸಾಲ ತೆಗೆದದ್ದು ಆ ಅಗ್ಗದ ಕಾಲದಲ್ಲಿ. 2022ರ ಮೇಯಿಂದ ದರ ಏರತೊಡಗಿ 2023ರ ಫೆಬ್ರುವರಿಗೆ ಶೇ 6.5 ಆಯಿತು. ನಮ್ಮ ಶೇ 7 ಒಂದು ವರ್ಷದೊಳಗೆ ಶೇ 9.5 ಆಯಿತು.

ದರ ಏರಿದಾಗ ದಾರಿ ಎರಡೇ: ಕಂತು ಹೆಚ್ಚಾಗಬೇಕು, ಇಲ್ಲವೇ ಅವಧಿ ಉದ್ದವಾಗಬೇಕು. ನಮ್ಮನ್ನು ಕೇಳದೆ ಕಂತನ್ನು ಸ್ವಲ್ಪ ಏರಿಸಿ, ಉಳಿದ ಭಾರವನ್ನೆಲ್ಲ ಅವಧಿಗೆ ಹಾಕಿದ್ದರು. ಕಂತು 11,630ರಲ್ಲೇ ನಿಂತಿದ್ದರೆ ಏನಾಗುತ್ತಿತ್ತು? ಶೇ 9.5ರಲ್ಲಿ 14 ಲಕ್ಷ 36 ಸಾವಿರಕ್ಕೆ ತಿಂಗಳ ಬಡ್ಡಿಯೇ 11,368 ರೂಪಾಯಿ. ಅಸಲಿಗೆ ಉಳಿಯುವುದು 262 ರೂಪಾಯಿ. ಅಜ್ಜನ ಬಾಡಿಗೆಗೂ ಅದಕ್ಕೂ ಏನೂ ವ್ಯತ್ಯಾಸ ಇರುತ್ತಿರಲಿಲ್ಲ.

ಅವತ್ತು ರಾತ್ರಿ ಎರಡೂ ಕಾಗದ ಪಕ್ಕಪಕ್ಕ ಇಟ್ಟು ಲೆಕ್ಕ ಹಾಕಿದೆ. ಅಜ್ಜ ಶೇ 18ರಲ್ಲಿ, 13 ವರ್ಷದಲ್ಲಿ, ತಂದದ್ದರ 3.3 ಪಟ್ಟು ಕಟ್ಟಿದ. ನಾವು ಮೊದಲ ಕರಾರಿನಂತೆ 20 ವರ್ಷದಲ್ಲಿ ಕಟ್ಟಬೇಕಿದ್ದದ್ದು 27 ಲಕ್ಷ 91 ಸಾವಿರ, ಅಂದರೆ 1.9 ಪಟ್ಟು. ಹಿಗ್ಗಿದ ಅವಧಿಯಲ್ಲಿ 12,500ರಂತೆ 304 ಕಂತಿಗೆ 38 ಲಕ್ಷ, ಆಗಲೇ ಕಟ್ಟಿದ 2 ಲಕ್ಷ 80 ಸಾವಿರ ಸೇರಿ 40 ಲಕ್ಷ 80 ಸಾವಿರ. ಅಂದರೆ 2.7 ಪಟ್ಟು. ಸಾವುಕಾರರ ಅರ್ಧ ದರದಲ್ಲಿ ಸಾಲ ತೆಗೆದರೂ, ಕಾಲ ಉದ್ದವಾದ ಕಾರಣಕ್ಕೇ ನಾವು ಅಜ್ಜನ ಹತ್ತಿರ ಹತ್ತಿರ ಬಂದಿದ್ದೆವು.

ಒಂದು ಮಾತು ಸೇರಿಸಬೇಕು. 2048ರ 12,500 ರೂಪಾಯಿ ಇವತ್ತಿನ 12,500ರಷ್ಟು ಭಾರ ಇರುವುದಿಲ್ಲ. ಸ್ವಂತ ಮನೆಯಿಂದ ಬಾಡಿಗೆಯೂ ಉಳಿಯುತ್ತದೆ. ಹಳೆಯ ತೆರಿಗೆ ಪದ್ಧತಿಯಲ್ಲಿದ್ದವರಿಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ವಿನಾಯಿತಿಯೂ ಇದೆ. ಇವನ್ನೆಲ್ಲ ಲೆಕ್ಕಕ್ಕೆ ಹಿಡಿದು ಒಬ್ಬರು 25 ವರ್ಷದ ಸಾಲವೇ ಇರಲಿ ಎಂದರೆ ತಪ್ಪೇನಿಲ್ಲ. ಆದರೆ ಆ ತೀರ್ಮಾನ ಸಾಲಗಾರರದಾಗಿರಬೇಕು. ಕಂಪ್ಯೂಟರಿನದಲ್ಲ.

ಮತ್ತೆ ಅದೇ ಪಾಸ್‌ಬುಕ್ಕು

ಶಾಖೆಗೆ ಹೋದೆ. ಅಧಿಕಾರಿ ಸೌಜನ್ಯದಿಂದಲೇ ಮಾತಾಡಿದರು. "ಕಂತು ಭಾಳ ಏರಿದ್ರ ನಿಮಗ ತ್ರಾಸ ಆಗತೈತಿ ಅಂತ ಸಿಸ್ಟಮ್ ತಾನೇ ಅವಧಿ ಹೆಚ್ಚು ಮಾಡತೈತ್ರೀ" ಎಂದರು. ಸಾಲಪತ್ರದ ಯಾವುದೋ ಪುಟದಲ್ಲಿ ಅದಕ್ಕೆ ನಾವು ಸಹಿ ಹಾಕಿದ್ದು ನಿಜ. ನಾನು ಡಿಪ್ಲೊಮಾ ಓದಿದವನು, ನನ್ನ ಹೆಂಡತಿ ಗಣಿತದ ಟೀಚರು. ಇಬ್ಬರೂ ಆ ಪುಟ ಓದಿರಲಿಲ್ಲ.

ಅದೇ ತಿಂಗಳು, 2023ರ ಆಗಸ್ಟ್ 18ರಂದು, ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಸಾಲಗಾರರಿಗೆ ತಿಳಿಸಬೇಕು. ಕಂತು ಏರಿಸಬೇಕೋ, ಅವಧಿ ಉದ್ದ ಮಾಡಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆ ಕೊಡಬೇಕು. ಮೂರು ತಿಂಗಳಿಗೊಮ್ಮೆ ಸ್ಟೇಟ್‌ಮೆಂಟ್ ಕೊಡಬೇಕು. ಅದರಲ್ಲಿ ಈವರೆಗೆ ವಸೂಲಾದ ಅಸಲೆಷ್ಟು, ಬಡ್ಡಿಯೆಷ್ಟು, ಬಾಕಿ ಕಂತು ಎಷ್ಟು ಎಂದು ಇರಬೇಕು.

ಅದನ್ನು ಓದುವಾಗ ನನಗೆ 1879ರ ಕಾಯ್ದೆ ನೆನಪಾಯಿತು. ರಸೀದಿ, ವರ್ಷದ ಲೆಕ್ಕ, ಪಾಸ್‌ಬುಕ್ಕು. 144 ವರ್ಷದ ನಂತರವೂ ನಿಯಮ ಮಾಡುವವರು ಸಾಲ ಕೊಟ್ಟವರಿಗೆ ಹೇಳಬೇಕಾಗಿ ಬಂದದ್ದು ಅದನ್ನೇ: ಲೆಕ್ಕ ತೋರಿಸಿ. ಮುಂದೆ 2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ಮುಖ್ಯಾಂಶಗಳ ಹಾಳೆ ಕಡ್ಡಾಯವಾಯಿತು. ಎಲ್ಲ ಶುಲ್ಕ ಸೇರಿಸಿ ನಿಜವಾದ ವಾರ್ಷಿಕ ದರ ಎಷ್ಟು, ಯಾವ ಕಂತಿನಲ್ಲಿ ಅಸಲೆಷ್ಟು ಬಡ್ಡಿಯೆಷ್ಟು ಎಂಬುದು ಅದರಲ್ಲಿ ಇರಲೇಬೇಕು.

ನಾವು ಕಂತು ಏರಿಸಿ ಎಂದು ಅರ್ಜಿ ಕೊಟ್ಟೆವು. ಲೆಕ್ಕ ಹೀಗಿತ್ತು: 14 ಲಕ್ಷ 36 ಸಾವಿರವನ್ನು ಮೊದಲಿನ 216 ಕಂತಿನಲ್ಲೇ ತೀರಿಸಲು ತಿಂಗಳಿಗೆ 13,900 ರೂಪಾಯಿ ಬೇಕು. ಅಂದರೆ 1,400 ಹೆಚ್ಚು. ಒಟ್ಟು ಕಟ್ಟುವುದು 38 ಲಕ್ಷದ ಬದಲು ಸುಮಾರು 30 ಲಕ್ಷ. 1,400 ರೂಪಾಯಿಗೆ 8 ಲಕ್ಷವೂ ಉಳಿಯಿತು, ಏಳು ವರ್ಷವೂ ಉಳಿಯಿತು. ಆ 1,400 ಹೊಂದಿಸಲು ನಾನು ಇನ್ನೊಂದು ಪತ್ರಿಕೆಗೂ ಸುದ್ದಿ ಕೊಡತೊಡಗಿದೆ. 2025ರ ಫೆಬ್ರುವರಿಯಿಂದ ರೆಪೊ ದರ ಇಳಿಯತೊಡಗಿದಾಗ ಕಂತು ಇಳಿಸುವುದು ಬೇಡ, ಅವಧಿ ಇಳಿಸಿ ಎಂದು ಬರೆದುಕೊಟ್ಟೆವು. ಬದಲಾಗುವ ದರದ ಮನೆಸಾಲವನ್ನು ಮುಂಚೆಯೇ ತೀರಿಸಿದರೆ ದಂಡ ಹಾಕುವುದನ್ನು ರಿಸರ್ವ್ ಬ್ಯಾಂಕ್ 2012ರಲ್ಲೇ ನಿಲ್ಲಿಸಿದೆ. ಸುಗ್ಗಿಯಲ್ಲಿ ಹೊಲದಿಂದ ನಾಲ್ಕು ಕಾಸು ಬಂದರೆ ಅದನ್ನೂ ಅಸಲಿಗೆ ಕಟ್ಟುತ್ತೇವೆ.

ಇಷ್ಟೆಲ್ಲ ಬ್ಯಾಂಕಿನ ಬಾಗಿಲು ತೆರೆದವರ ಕಥೆ. ನಾನು ಸುದ್ದಿಗೆ ಹೋಗುವ ಹಳ್ಳಿಗಳಲ್ಲಿ ಎಷ್ಟೋ ಮನೆಗಳಿಗೆ ಇ-ಸ್ವತ್ತಿನ ನಮೂನೆ 9, 11 ಇಲ್ಲ. ಗ್ರಾಮಠಾಣೆಯಲ್ಲಿ ಮೂರು ತಲೆಮಾರಿನಿಂದ ಇರುವ ಮನೆಗೂ ಕಾಗದವಿಲ್ಲ. ಕಾಗದ ಇಲ್ಲದ ಮನೆಗೆ ಬ್ಯಾಂಕ್ ಸಾಲವಿಲ್ಲ. ಅವರು ಗೋಡೆ ಎಬ್ಬಿಸುವುದು ಶೇ 20ಕ್ಕೂ ಮೇಲಿನ ಮೈಕ್ರೋಫೈನಾನ್ಸ್ ದುಡ್ಡಿನಲ್ಲಿ, ಇಲ್ಲವೇ ನೂರಕ್ಕೆ ಮೂರು ರೂಪಾಯಿ ಕೈಸಾಲದಲ್ಲಿ. ಅದು ವರ್ಷಕ್ಕೆ ಶೇ 36. ಕಿರುಕುಳ ತಡೆಯಲು ರಾಜ್ಯ ಸರ್ಕಾರ 2025ರ ಫೆಬ್ರುವರಿಯಲ್ಲಿ ಸುಗ್ರೀವಾಜ್ಞೆ ತಂದಿತು. ಆದರೆ ಆ ಮನೆಗಳಲ್ಲಿ ಕಟ್ಟಿದ್ದೆಷ್ಟು, ಬಾಕಿ ಎಷ್ಟು ಎಂದು ಕೇಳಿದರೆ ಈಗಲೂ ಸಿಗುವುದು ಒಂದು ಹರಿದ ಕಾರ್ಡು, ಕೆಲವೊಮ್ಮೆ ಅದೂ ಇಲ್ಲ.

ಮೊನ್ನೆ ಹೊಸ ಸ್ಟೇಟ್‌ಮೆಂಟ್ ಬಂತು. ಈಗ ಅದನ್ನು ಅಜ್ಜನ ಕಾಗದದ ಜೊತೆಗೇ ಟ್ರಂಕಿನಲ್ಲಿ ಇಡುತ್ತೇವೆ. ಇಡುವ ಮುಂಚೆ ಅವ್ವನಿಗೆ ಒಮ್ಮೆ ಓದಿ ಹೇಳಬೇಕು. ಅಸಲು ಎಷ್ಟು ಇಳಿಯಿತು ಎಂದು ಅವಳು ಕೇಳುವುದಿಲ್ಲ.

"ಇನ್ನ ಎಷ್ಟ ಕಂತ ಉಳದಾವು?" ಎಂದಷ್ಟೇ ಕೇಳುತ್ತಾಳೆ.

ಸಾಲ ಇರುವ ಪ್ರತಿಯೊಬ್ಬರೂ ಮೂರು ತಿಂಗಳಿಗೊಮ್ಮೆ ಕೇಳಬೇಕಾದ ಪ್ರಶ್ನೆ ಅದೇ.